ಹಳದಿ ನೀರಿನ ಮೇಲೆ ಎರಡು ಗಂಟೆ

ಡಾರ್ವಿನ್ನಿನಿಂದ ಮೂರಕ್ಕೇ ಹೊರಟೆ.
ದಾರಿಯುದ್ದಕ್ಕೂ ಹುತ್ತಗಳು ಕಾರಿನ ದೀಪಕ್ಕೆ
ಎದ್ದು ನಿಂತು, ಮತ್ತೆ ಕತ್ತಲಲ್ಲಿ ಕೂತವು.
ಜತೆಗೆ ಬರಬೇಕಿದ್ದ ಮಾರಿಸೆಲ್‌ಗೆ ರಾತ್ರಿ ಪಾಳಿ ಬಿತ್ತು;
ದೋಣಿಯಲ್ಲಿ ಅವಳ ಸೀಟಿನ ಮೇಲೆ ಈಗ
ನನ್ನ ಬುತ್ತಿ ಕೂತಿದೆ: ಚಪಾತಿ, ಶೇಂಗಾ ಚಟ್ನಿ.

ಕುಯಿಂಡಾದ ಜೆಟ್ಟಿ. ಜುಲೈ ತಿಂಗಳು, ಮಳೆ ಸುಳಿಯದ ಕಾಲ.
ದೋಣಿ ನಡೆಸುವ ಡೆಲ್ವೀನ್ ಹೇಳಿದಳು:
“ಲೈಫ್ ಜಾಕೆಟ್ ಸೀಟಿನ ಕೆಳಗಿದೆ.
ಮುಳುಗಿದರೆ ಹಾಕಿಕೊಳ್ಳಿ, ಆ ಬಣ್ಣ
ಮೊಸಳೆಗಳಿಗೆ ಚೆನ್ನಾಗಿ ಕಾಣುತ್ತೆ.”
ನಕ್ಕೆವು ಎಲ್ಲರೂ,
ಕೈ ಒಳಗೆಳೆದುಕೊಂಡು.

ಇದು ಕೂಡಿಕೊಳ್ಳುವ ಹೊಳೆಗೆ ಅಲಿಗೇಟರ್ ಅಂತ ಹೆಸರು.
ಯಾವನೋ ಕ್ಯಾಪ್ಟನ್ ಹಡಗಿನಿಂದಲೇ ನೋಡಿ
ಮೊಸಳೆಯ ಕುಲಗೋತ್ರ ಕೇಳದೆ
ಬರೆದುಕೊಂಡು ಹೋದನಂತೆ.
ತಪ್ಪು ಹೆಸರು ಹೊತ್ತುಕೊಂಡೇ
ನೀರು ಸಮುದ್ರ ಸೇರುತ್ತಿದೆ.
ನನಗೆ ಅದು ಹೊಸದಲ್ಲ.

ತಾವರೆ ಎಲೆಯ ಮೇಲಿನ ನೀರಿನಂತೆ
ಎಂದು ನೂರು ಸಲ ಆಡಿದ್ದೇನೆ.
ಸಿಂಧನೂರಿನ ಕಾಲುವೆಯಲ್ಲಿ ತಾವರೆ ಎಲ್ಲಿತ್ತು?
ಇವತ್ತು ಕಂಡೆ:
ಹನಿ ನಿಂತಿಲ್ಲ, ಓಡುತ್ತಿದೆ,
ಒಲೆ ಮೇಲಿನ ಹಂಚಿಗೆ ಬಿದ್ದ ಹಾಗೆ.
ಎಲೆಯಿಂದ ಎಲೆಗೆ ಒಂದು ಪುಟ್ಟ ಹಕ್ಕಿ
ಗೇಣುದ್ದದ ಬೆರಳು ಹರಡಿ ನಡೆಯಿತು.
ಆ ಬೆರಳ ಎಲುಬು ಎಣಿಸುತ್ತ ಕೂತೆ,
ಎಕ್ಸ್-ರೇ ಕೋಣೆಯ ಚಾಳಿ.

ಡೆಲ್ವೀನ್ ಮೋಟಾರು ನಿಲ್ಲಿಸಿದಳು.
ದಡದ ಕೆಸರಲ್ಲಿ ಕೆಸರೇ ಕಣ್ಣು ಬಿಟ್ಟಿತು.
ದಿನಕ್ಕೆ ನಲವತ್ತು ಸಲ ಹೇಳುತ್ತೇನೆ ನಾನು,
ಉಸಿರು ಹಿಡಿಯಿರಿ, ಅಲ್ಲಾಡಬೇಡಿ.
ಇಲ್ಲಿ ಯಾರೂ ಹೇಳಲಿಲ್ಲ,
ಮೂವತ್ತು ಎದೆಗೂಡು ಒಟ್ಟಿಗೇ ನಿಂತವು.
ಬಿಡಿ ಎನ್ನುವವರೂ ಇಲ್ಲ.

“ಗಿಂಗಾ,” ಅಂದಳು. “ನಮ್ಮ ಮಾತಲ್ಲಿ.”
ನನ್ನ ಕಡೆ ತಿರುಗಿ, “ನಿಮ್ಮಲ್ಲಿ?”
“ಮೊಸಳೆ.”
“ಮೊಸಳೆ,” ಅಂದಳು ಡೆಲ್ವೀನ್,
ನಾಲಿಗೆ ಮಡಚಿ, ಅಂಗುಳಕ್ಕೆ ತಾಗಿಸಿ,
ಪೂರಾ ಳಕಾರ, ಒಂದು ಚೂರೂ ಸವೆಯದೆ.

ಹನ್ನೊಂದು ವರ್ಷದಿಂದ ನನ್ನ ಬ್ಯಾಡ್ಜು
ನನ್ನನ್ನು ನೀಲಾ ಅನ್ನುತ್ತಿದೆ.
ಮೊದಮೊದಲು ತಿದ್ದುತ್ತಿದ್ದೆ.
ಆಮೇಲೆ ನಾನೇ ಫೋನೆತ್ತಿ
ನೀಲಾ ಹಿಯರ್ ಅನ್ನತೊಡಗಿದೆ.
“ನನ್ನ ಹೆಸರು ನೀಳಾ,” ಅಂದೆ, ಕೇಳದಿದ್ದರೂ.
“ನೀಳಾ,” ಅಂದಳು. “ನಮ್ಮಲ್ಲೂ ಇದೆ ಈ ಸದ್ದು.”
ಅಷ್ಟೇ. ಮತ್ತೆ ಮೋಟಾರು.
ನಾನು ಬುತ್ತಿಯ ಗಂಟು ಸುಮ್ಮನೆ
ಬಿಚ್ಚಿ ಕಟ್ಟಿದೆ.

ಮುಂದೆ ಬಿಳಿತೊಗಟೆ ಮರಗಳ ಸಂದಿಯಲ್ಲಿ
ಒಂದು ಕಪ್ಪು ನೀರಿನ ದಾರಿ.
ದೋಣಿ ಆ ಕಡೆ ಮೂತಿ ಹಾಕಲಿಲ್ಲ.
ಬಲ್ಲರಾಟಿನ ನಿವೃತ್ತ ಅಂಚೆಯವ
ಮೊಳದುದ್ದದ ಲೆನ್ಸ್ ಎತ್ತಿ ಕೇಳಿದ, “ಅಲ್ಲೇನಿದೆ?”
“ಒಂದು ಕಥೆಯಿದೆ. ನಾನು ಹೇಳೋ ಹಾಗಿಲ್ಲ.”
“ಗೊತ್ತಿಲ್ಲವೋ?”
“ಗೊತ್ತಿದೆ.”
ಕಾಸು ಕೊಟ್ಟು ಬಂದವನ ಮುಖ ಕೆಂಪಾಯಿತು.

ನನಗೆ ನಗು ಬಂತು, ನಗಲಿಲ್ಲ.
ಪರದೆಯ ಮೇಲೆ ಬಿಳಿ ಮಚ್ಚೆ ಕಂಡು
ಎಷ್ಟು ಜನಕ್ಕೆ ಅಂದಿಲ್ಲ ನಾನು,
ಡಾಕ್ಟರು ಹೇಳುತ್ತಾರೆ, ಅಂಗಿ ಹಾಕಿಕೊಳ್ಳಿ.
ಕಂಡವರೆಲ್ಲ ಹೇಳುವವರಲ್ಲ.
ಮುಖ ನೋಡಿಯೇ ಊಹಿಸಿಬಿಡುತ್ತಾರೆ ಕೆಲವರು;
ಡೆಲ್ವೀನಳ ಮುಖದಲ್ಲಿ
ಊಹಿಸಲು ಏನೂ ಇರಲಿಲ್ಲ.
ಅದನ್ನು ಕಲಿಯಬೇಕು ನಾನು.

ಸೂರ್ಯ ಮೇಲೇರಿ ನೀರು ಹಿತ್ತಾಳೆಯಾಯಿತು.
ಬೆಳ್ಳಕ್ಕಿ, ಕೆಂದಾವರೆ, ಹದ್ದಿನ ಗೂಡು,
ಅಂಚೆಯವನ ಲೆನ್ಸಿಗೆ ಮತ್ತೆ ಕೆಲಸ.

ಹೊಳೆ ದಾಟಿದ ಮೇಲೆ ಅಂಬಿಗನ ಹಂಗೇನು
ಅನ್ನುತ್ತಿದ್ದಳು ನಮ್ಮ ಮಹಾಂತಕ್ಕ ಟೀಚರು.
ಆದರೆ ಈ ದೋಣಿ ದಾಟಿಸುವುದೇ ಇಲ್ಲ,
ಹತ್ತಿದ ಜೆಟ್ಟಿಗೇ ತಂದು ಇಳಿಸುತ್ತದೆ.
ಹಂಗು ತೀರುವುದು ಹೇಗೆ?

ಇಳಿಯುವಾಗ ಅರ್ಧ ಚಪಾತಿ ಕೊಟ್ಟೆ.
ಚಟ್ನಿಯ ಖಾರಕ್ಕೆ ಡೆಲ್ವೀನ್
ಕಣ್ಣೊರೆಸಿಕೊಂಡು ನಕ್ಕಳು,
ಅದರ ಹೆಸರು ಕೇಳಲಿಲ್ಲ.
ಆಗಲೇ ಮುಂದಿನ ಸಾಲು
ಟಿಕೇಟು ಹಿಡಿದು ನಿಂತಿತ್ತು.