ಬಾಯಿ ಅವನದು

ಪೇಪರಿನ ಹುಡುಗ ಬಂದಿದ್ದ. ಗುತ್ಯಪ್ಪನವರ ಬಗ್ಗೆ
ಎರಡು ಮಾತು ಬೇಕಂತೆ, ನಾಳೆಯ ಪುಟಕ್ಕೆ.
ಎರಡೇ ಸಾಲುವುದಾದರೆ ನನ್ನನ್ನೇಕೆ ಹುಡುಕಿ ಬಂದೆಯಪ್ಪಾ,
ಹನ್ನೊಂದು ವರ್ಷ ಅವನ ಮಾತುಗಳೆಲ್ಲ
ಮೊದಲು ನನ್ನ ಬಾಯಲ್ಲಿ ಹುಟ್ಟಿದವು,
ಪಿಸುಮಾತಾಗಿ, ಎಡಗಡೆ ಸೈಡ್‌ವಿಂಗಿನಲ್ಲಿ,
ಕಾಗದ ಸುತ್ತಿದ ಒಂದು ಬಲ್ಬಿನ ಕೆಳಗೆ.

ಹಾರ್ಮೋನಿಯಂ ಮೇಷ್ಟ್ರ ಮಗಳು ನಾನು.
ಮೂಗು ಚಪ್ಪಟೆ, ಬಣ್ಣಕ್ಕೆ ಒಗ್ಗದ ಮುಖ;
ಓದು ಬರುತ್ತದಲ್ಲ, ಪುಸ್ತಕ ಹಿಡಿದು ಕೂರು, ಅಂದರು.

ಅವನು ಭದ್ರಾವತಿಯವನು. ಕಬ್ಬಿಣ ಕರಗುವ ಕಡೆ
ಅಪ್ಪನ ಜೊತೆ ಎರಡು ವರ್ಷ ಪಾಳಿ ಮಾಡಿದವನು.
ಅಲ್ಲಿ ಮಾತೆಂದರೆ ಕೂಗು;
ಕೂಗಿದ್ದು ತಪ್ಪಿ ಕೇಳಿಸಿದರೆ ಒಬ್ಬನ ಕಾಲು ಹೋಗುತ್ತದೆ,
ಅದಕ್ಕೇ ಒಂದೊಂದು ಅಕ್ಷರವನ್ನೂ
ಇಕ್ಕಳದಲ್ಲಿ ಹಿಡಿದು ಇಡುತ್ತಿದ್ದ.
ನಮ್ಮ ಟೆಂಟಿನಲ್ಲಿ ಮೈಕು ಕೆಟ್ಟ ದಿನ
ಹೊರಗೆ ಜಟಕಾ ಸ್ಟ್ಯಾಂಡಿನವರು
ಕುದುರೆಗೆ ಹುಲ್ಲು ಹಾಕುತ್ತ ಬಿಟ್ಟಿ ನಾಟಕ ಕೇಳಿದರು.

ಮೊದಲ ಪಾತ್ರ ಹೆಣ.
ಕಟ್ಟಿರುವೆ ಕಿವಿಯೊಳಗೆ ಹೊಕ್ಕರೂ ಅಲುಗಲಿಲ್ಲ,
ಮಾಲೀಕರು ಐದು ರೂಪಾಯಿ ಹೆಚ್ಚಿಸಿದರು.
ಆಮೇಲೆ ಬಡ್ಡಿ ಸಾಹುಕಾರ. ಆಮೇಲೂ ಬಡ್ಡಿ ಸಾಹುಕಾರ.
ಗಾಂಧಿ ಬಜಾರಿನಲ್ಲಿ ಸೊಪ್ಪಿನ ಗಂಗವ್ವ
"ನಿನ್ನ ದುಡ್ಡು ಮುಟ್ಟಲ್ಲ, ವಿಧವೆ ಮನೆ ಹರಾಜು ಹಾಕಿದೋನೆ" ಅಂದಳು.
ಖಾಲಿ ಚೀಲ ತಂದು ಎಲ್ಲರಿಗೂ ತೋರಿಸಿದ,
ಒಳಗೆ ಪದಕ ಇರುವ ಹಾಗೆ.

ಮಾತು ಮರೆಯುವವನಲ್ಲ. ಆದರೂ ದಿನಾ ಒಂದು ಕಡೆ,
ಮೂರನೇ ಅಂಕದಲ್ಲಿ, ನಿಲ್ಲುತ್ತಿದ್ದ,
ಕತ್ತನ್ನು ಇಷ್ಟೇ ಇಷ್ಟು ಎಡಕ್ಕೆ ತಿರುಗಿಸಿ.
ನಾನು ಕೊಡುತ್ತಿದ್ದೆ. ಅವನು ತೆಗೆದುಕೊಳ್ಳುತ್ತಿದ್ದ.
ಅದರ ಬಗ್ಗೆ ನಾವು ಒಮ್ಮೆಯೂ ಮಾತಾಡಿಲ್ಲ.
ಇದನ್ನು ಬರೆಯಬೇಡ.

ಮದರಾಸಿನಿಂದ ಒಂದು ಕಾರ್ಡು:
"ಇಲ್ಲಿ ಯಾರೂ ಪಿಸುಗುಟ್ಟುವುದಿಲ್ಲ. ಕಟ್ ಅನ್ನುತ್ತಾರೆ."
ಇನ್ನೊಂದರಲ್ಲಿ ಮದುವೆಯ ಸುದ್ದಿ, ಕಾಗದ ತಡವಾಯಿತೆಂಬ ಕ್ಷಮೆ.

ಅವನ ಮೊದಲ ಪಿಕ್ಚರು ಶಿವಮೊಗ್ಗಕ್ಕೆ ಬಂದಾಗ
ಕಂಪನಿಗೆ ಕಂಪನಿಯೇ ಬೆಂಚಿನಲ್ಲಿ ಕೂತಿದ್ದೆವು.
ಜಡ್ಜು. ಕನ್ನಡಕ ತೆಗೆದ, ಸುತ್ತಿಗೆ ಇಟ್ಟ, ಬಾಯಿ ತೆರೆದ.
ಬಂದದ್ದು ಬೇರೆ ಯಾರದೋ ದನಿ,
ಮೂರನೇ ಸಲ ಸೋಸಿದ ಚಹಾದಂಥದು.
ಗಂಟಲು ದೊಡ್ಡದಾಯಿತಂತೆ, ಮೀಟರಿನ ಮುಳ್ಳು ಆಚೆಗೆ ಹೊಡೆಯಿತಂತೆ.
ಪಕ್ಕದವರು ಶಿಳ್ಳೆ ಹಾಕಿದರು, ನಮ್ಮ ಗುತ್ಯಪ್ಪ ಎಂದರು.
ಯಾರದೂ ಏನೂ ಕಳೆದಿರಲಿಲ್ಲ.
ನಾನು ಕತ್ತಲಲ್ಲಿ, ಹಳೇ ಚಾಳಿ,
ಅವನ ತುಟಿಗೆ ಮಾತು ಕೊಡುತ್ತಲೇ ಇದ್ದೆ.

ನಲವತ್ತಮೂರು ಸಿನಿಮಾ.
ಜಡ್ಜು, ಡಾಕ್ಟರು, ಹೊಡೆದಾಟ ಮುಗಿದ ಮೇಲೆ ಬರುವ ಇನ್‌ಸ್ಪೆಕ್ಟರು.
"ನಮ್ಮ ಕೈಲಾದದ್ದು ಮಾಡಿದ್ದೇವೆ" ಎಂದು
ಎಷ್ಟು ತಾಯಂದಿರಿಗೆ ಹೇಳಿದನೋ, ಪ್ರತಿ ಸಲ ಬೇರೆ ದನಿಯಲ್ಲಿ.
ಕಡೆಗೆ ಒಂದು ಸೀರಿಯಲ್ಲು: ಎಂಟು ತಿಂಗಳು
ಗೋಡೆಯ ಮೇಲೆ ಹಾರ ಹಾಕಿದ ಫೋಟೋ.
ಅದಕ್ಕೂ ದಿನಗೂಲಿ ಕೊಟ್ಟರು ಮಾರಾಯ್ತಿ, ಎಂದು ಫೋನಿನಲ್ಲಿ ನಕ್ಕ.

ಹೋದ ವರ್ಷ ಇಲ್ಲೇ ರಂಗಮಂದಿರದಲ್ಲಿ ಸನ್ಮಾನ.
ಶಾಲು, ಪೇಟ, ಹಣ್ಣಿನ ಬುಟ್ಟಿ.
ಮೈಕನ್ನು ಪಕ್ಕಕ್ಕೆ ಸರಿಸಿದ. ಸಾಹುಕಾರನ ಮಾತು ತೆಗೆದ.
ಹಿಂದಿನ ಸಾಲಿನಲ್ಲಿ ಫೋನು ನೋಡುತ್ತಿದ್ದವರೆಲ್ಲ ತಲೆಯೆತ್ತಿದರು.
ಮೂರನೇ ಅಂಕಕ್ಕೆ ಬಂದು ನಿಂತ.
ಕತ್ತು ಎಡಕ್ಕೆ. ಅಲ್ಲಿ ನೀರಿನ ಬಾಟಲಿ ಹಿಡಿದ ಹುಡುಗಿಯೊಬ್ಬಳು.
ನಾನು ಕೆಳಗೆ, ಬಲಗಡೆ, ನಾಲ್ಕನೇ ಸಾಲಿನಲ್ಲಿ;
ಕೊಟ್ಟೆ. ಕೊಟ್ಟೇ ಕೊಟ್ಟೆ.
ಜೀವಮಾನವೆಲ್ಲ ಪಿಸುಗುಟ್ಟಿದ ಗಂಟಲು,
ಎರಡು ಕುರ್ಚಿ ದಾಟಲಿಲ್ಲ.
ಜನ ಮುಗಿಯಿತೆಂದು ಚಪ್ಪಾಳೆ ತಟ್ಟಿದರು.

ಬರೆದುಕೋ, ಆ ಸಾಲು ಇದು:
"ಬಡ್ಡಿ ಬಿಟ್ಟೆ ಹೋಗೋ. ಅಸಲು? ಅಸಲು ಯಾರು ಕೊಡ್ತಾರೆ?"

ಹುಡುಗ ಬರೆದುಕೊಂಡ.
ಯಾವ ಸಿನಿಮಾದ್ದು ಅಜ್ಜಿ, ಎಂದ.