ಹೂಂ ಅಂದರೆ ಬೇಡ

ಶಾರ್ಜಾ, ರೋಲಾ, ಚಿನ್ನದಂಗಡಿ ಸಾಲಿನ ಹಿಂದಿನ ಗಲ್ಲಿ.
ಮೂರು ಕುರ್ಚಿಯ ಸಲೂನು. ಬುಧವಾರ ರಾತ್ರಿ ಒಂಬತ್ತೂವರೆ.
ಏಸಿಯ ನೀರು ಬಕೆಟ್ಟಿಗೆ ತೊಟ್ಟಿಕ್ಕುತ್ತಿತ್ತು.
ಬಂದವನು ಬಾಗಿಲಲ್ಲೇ ಒಂದು ಗಳಿಗೆ ನಿಂತ,
ಯಾರಾದರೂ ದೀಪ ಹಾಕಲಿ ಎಂದು ಕಾಯುವವನ ಹಾಗೆ.

ಬಿಳಿ ಮೀಸೆ. ಮೀಸೆ ಅಂದರೆ
ಎರಡೂ ಕೆನ್ನೆಯನ್ನು ತನ್ನ ಹೆಸರಿಗೆ ಬರೆಸಿಕೊಂಡ ಮೀಸೆ.
ಗಡ್ಡ ಹೆರೆದು, ಕತ್ತಿಯನ್ನು ಮೂಗಿನ ಕೆಳಗೆ ತಂದು ಕೇಳಿದೆ: ಇದೂ?
ಕಣ್ಣು ಮುಚ್ಚಿಕೊಂಡೇ ತಲೆಯಾಡಿಸಿದ,
ಮೇಲೆ, ಕೆಳಗೆ, ಮತ್ತೊಮ್ಮೆ ಮೇಲೆ.
ಬಲಗಡೆಯದು ಮಡಿಲ ಬಟ್ಟೆಗೆ ಬಿತ್ತು.

ಬಲ್ಗೇರಿಯಾದಲ್ಲಿ ಹಾಗೆ ಆಡಿಸಿದರೆ ಬೇಡ ಎಂದಂತೆ.
ಅಡ್ಡಡ್ಡ ಆಡಿಸಿದರೆ ಹೂಂ.
ಇಪ್ಪತ್ತೆರಡು ವರ್ಷ ಈ ಕುರ್ಚಿಯ ಹಿಂದೆ ನಿಂತವನು ನಾನು;
ಪಠಾಣನ ಕತ್ತು, ಸುಡಾನಿಯ ಕತ್ತು, ನಮ್ಮ ಕಾಪುವಿನವರ ಕತ್ತು
ಎಲ್ಲಾ ಓದಿದ್ದೆ. ಇದೊಂದು ಪಾಠ ತಪ್ಪಿಹೋಗಿತ್ತು.

ಅವನು ಕೂಗಲಿಲ್ಲ. ಕನ್ನಡಿಗೆ ಬಾಗಿದ.
ಎಡಗೆನ್ನೆ ತೋರಿಸಿದ: ಒಬ್ಬ ಕರ್ನಲ್.
ಬಲಗೆನ್ನೆ ತೋರಿಸಿದ: ಆ ಕರ್ನಲ್‌ನ ಬೂಟು ಒರೆಸುವ ಹುಡುಗ.
ಕರ್ನಲ್ ಬೈದ, ಹುಡುಗ ಬೈಸಿಕೊಂಡ,
ನಡುವೆ ಮೂಗೊಂದು ಯಾರ ಪಕ್ಷವನ್ನೂ ಹಿಡಿಯದೆ ನಿಂತಿತ್ತು.
ಕುಂಞಾಲಿ ಟವೆಲು ಕೆಳಗಿಟ್ಟು ಚಪ್ಪಾಳೆ ಹೊಡೆದ.
ಆಮೇಲೆ ಗೊತ್ತಾಯಿತು, ನಟ.

ಲ್ಯುಬೆನ್ ಹಾಜಿಮಿಂಚೆವ್, ಎಪ್ಪತ್ತೊಂದು.
ಹೆಸರಲ್ಲಿ ಹಾಜಿ ಕೇಳಿ ಕುಂಞಾಲಿ ಎದ್ದುನಿಂತ.
ಮೆಕ್ಕಾ ಅಲ್ಲ, ಮುತ್ತಜ್ಜ ಜೆರುಸಲೇಮಿಗೆ ನಡೆದುಹೋದವನಂತೆ.
ದಾನೂಬ್ ದಂಡೆಯ ರುಸೆಯಲ್ಲಿ ಇಪ್ಪತ್ಮೂರು ವರ್ಷ ರಂಗದ ಮೇಲೆ.
ಸಿನಿಮಾ ಹತ್ತೊಂಬತ್ತು; ಹದಿನಾರರಲ್ಲಿ ಸತ್ತಿದ್ದ:
ಗುಂಡಿಗೆ, ಹಿಮಕ್ಕೆ, ಒಮ್ಮೆ ಅತ್ತೆ ಬಡಿಸಿದ ಸೂಪಿಗೆ.
ಸಾಯುವುದಕ್ಕೆ ಸರಕಾರ ಸಂಬಳ ಕೊಡುತ್ತಿತ್ತು.
ಸರಕಾರ ಬಿತ್ತು. ಥಿಯೇಟರಿನೊಳಗೆ ಸೋಫಾ ಅಂಗಡಿ ಬಂತು.
ಆ ವಾರವೇ ಹೊಸ ನಾಟಕ ಶುರುವಾಗಬೇಕಿತ್ತಂತೆ,
ಮೀಸೆ ಬೆಳೆಸಿದ್ದು ಅದರ ಪಾತ್ರಕ್ಕೆ.
ತೆರೆ ಏಳಲಿಲ್ಲ. ಇವನು ತೆಗೆಯಲಿಲ್ಲ.
ಕಪ್ಪಿತ್ತು ಆಗ.

ಆಮೇಲೆ ಮಕ್ಕಳ ಕಾರ್ಟೂನಿಗೆ ತೋಳದ ದನಿ.
ಆಮೇಲೆ ಅದೂ ಇಲ್ಲ.
ಮಗಳಿಗೆ ಇಲ್ಲಿ ವಿಮಾನದಲ್ಲಿ ಕೆಲಸ. ಮೊಮ್ಮಗುವಿನ ಗಾಡಿಯನ್ನು
ಮಾಲಿನಲ್ಲಿ ತಳ್ಳುತ್ತಿದ್ದಾಗ ಜಾಹೀರಾತಿನವರು ಹಿಡಿದರು:
ಮಜ್ಜಿಗೆ ಕುಡಿಯುವ ಅಜ್ಜ ಬೇಕಿತ್ತು.
ಶೂಟಿಂಗು ನಾಳೆ ಬೆಳಿಗ್ಗೆ ಏಳಕ್ಕೆ. ಕರಾರಿನಲ್ಲಿ ಮೀಸೆ ಇತ್ತು.

ಷಟರ್ ಅರ್ಧ ಎಳೆದೆವು.
ಕಣ್ಣರೆಪ್ಪೆ ಅಂಟಿಸುವ ಗೋಂದು ಎದುರಿನ ಫ್ಯಾನ್ಸಿ ಅಂಗಡಿಯಿಂದ ಬಂತು.
ಬಟ್ಟೆಯಿಂದ ಕೂದಲು ಹೆಕ್ಕಿ, ಬುಡ ಮೇಲಕ್ಕೆ, ಉಸಿರು ಹಿಡಿದು;
ಹೇಗೆಂದು ಅವನೇ ಕಲಿಸಿದ.
ಇಷ್ಟು ವರ್ಷ ಕೂದಲನ್ನು ಮನುಷ್ಯರಿಂದ ಬೇರೆ ಮಾಡಿದ ಕೈ
ಅವತ್ತು ಒಂದೊಂದನ್ನೇ ತಿರುಗಿ ಒಪ್ಪಿಸಿತು.

ನಡುನಡುವೆ ಬೆರಳು ತೋರಿಸಿ ಹೆಸರು ಹೇಳುತ್ತಿದ್ದ:
ಸಪುನ್. ನಾನಂದೆ, ಸಾಬೂನು.
ಜೋಬ್. ಜೇಬು.
ಒಳಕೋಣೆಗೆ ಅಡ್ಡ ಕಟ್ಟಿದ್ದ ಹರಕು ಬಟ್ಟೆ ತೋರಿಸಿ, ಪೆರ್ದೆ.
ಪರದೆ, ಅಂದೆ.
ಇಬ್ಬರೂ ಸ್ವಲ್ಪ ಹೊತ್ತು ಅದನ್ನೇ ನೋಡಿದೆವು.
ಅದರ ಹಿಂದೆ ಕುಂಞಾಲಿಯ ಅನ್ನ ಬೇಯುತ್ತಿತ್ತು.

ಈಗ ದುಬೈಗೆ ಹೋಗುವ ರಸ್ತೆಯಲ್ಲಿ, ಅಲ್ ನಹ್ದಾ ತಿರುವಿನ ಮೇಲೆ
ಎರಡು ಬಸ್ಸಿನಷ್ಟು ಉದ್ದದ ಅಜ್ಜ. ಕೈಯಲ್ಲಿ ಲಬನ್, ಮೀಸೆಗೆ ನೊರೆ.
ಬಲಗಡೆ ಸಾಲದೆ ಬಂದಾಗ ನಾನೇ ಕಿತ್ತುಕೊಟ್ಟ
ಹನ್ನೊಂದು ನರೆಗೂದಲೂ ಅಲ್ಲಿವೆ. ಮನೆಗೆ ಫೋಟೊ ಕಳಿಸಿದೆ.
ಯಾವುದು ನಿಮ್ಮದು, ಕೇಳಿದಳು ಹೆಂಡತಿ. ಹೇಳಲಾಗಲಿಲ್ಲ.

ಊರಿಗೆ ಹೊರಡುವ ಮುಂಚೆ ಬಂದಿದ್ದ.
ಪೂರ್ತಿ ಬೋಳಿಸಿದ್ದ; ಮೂಗಿನ ಕೆಳಗೆ
ಇಪ್ಪತ್ತನಾಲ್ಕು ವರ್ಷ ಬಿಸಿಲು ಕಾಣದ ಜಾಗ.
ಮತ್ತೆ ಬೆಳೆಸುತ್ತೀರಾ, ಕೇಳಿದೆ.
ತಲೆಯಾಡಿಸಿದ, ಮೇಲೆ, ಕೆಳಗೆ.
ಅವನೂರಿನ ಲೆಕ್ಕದಲ್ಲೋ ನಮ್ಮ ಲೆಕ್ಕದಲ್ಲೋ
ಕೇಳುವುದರೊಳಗೆ ಟ್ಯಾಕ್ಸಿ ಬಂತು.