ಕಿವಿ ಮುಟ್ಟಿದ ಕೈ

ಅಡ್ಮಿಷನ್ ರಿಜಿಸ್ಟರು ಕಂಕುಳಲ್ಲಿಟ್ಟುಕೊಂಡು
ಮಂಜೇಶ್ವರದಿಂದ ಕಾಸರಗೋಡಿನ ಬಸ್ಸು ಹತ್ತಿದೆ.
ಪಕ್ಕದವನು ಕೇಳಿದ: ಏನು ಮಾಸ್ಟ್ರೇ, ಜಾತಕವಾ?
ಹೌದೆಂದೆ. ಸುಳ್ಳಲ್ಲ.

ಕೋರ್ಟಿನ ಜಗಲಿಯಲ್ಲಿ ಅಂಗಾರ ನಿಂತಿದ್ದ,
ಮೀಸೆ, ಪೆನ್ಸಿಲಿನಲ್ಲಿ ಗೀಚಿ ಅಳಿಸಿದ ಹಾಗೆ.
ನನ್ನನ್ನು ಕಂಡವನೇ ಬೇಡಿಯ ಎರಡೂ ಕೈ ಎತ್ತಿ
"ನಮಸ್ತೇ ಸಾರ್" ಅಂದ,
ಇಡೀ ತರಗತಿ ಎದ್ದು ನಿಂತು ಎಳೆಯುತ್ತಿದ್ದ ಅದೇ ರಾಗದಲ್ಲಿ.
ಪೋಲೀಸಿನವನಿಗೆ ನಗು ಬಂತು.

ಕದ್ದದ್ದು ಐಸ್ ಪ್ಲಾಂಟಿನ ಹಳೇ ಮೋಟಾರಿನ ತಾಮ್ರ.
ಹನ್ನೊಂದು ಕಿಲೋ. ಗುಜರಿಯವನು ಒಂಬತ್ತೆಂದು ತೂಗಿದ.
ಆ ಎರಡು ಕಿಲೋದ ಮೇಲೆ ಯಾರೂ ಕೇಸು ಹಾಕಲಿಲ್ಲ.

ಜೊತೆಗಿದ್ದವನು ಕಂಟ್ರಾಕ್ಟರರ ಮಗ ರಿತೇಶ.
ಟಾರ್ಚು ಅವನದು, ಸ್ಕೂಟರು ಅವನದು,
ಉಪಾಯವೂ ಅವನದೇ ಇದ್ದೀತು.
ಅವನಿಗೆ ಮಂಗಳೂರಿನ ನರ್ಸಿಂಗ್ ಹೋಮು ಕೊಟ್ಟ ಚೀಟಿ ಇತ್ತು:
ಹುಟ್ಟಿದ ಗಂಟೆ, ನಿಮಿಷ, ತೂಕ.
ಹದಿನೆಂಟಕ್ಕೆ ನಲವತ್ತು ದಿನ ಕಮ್ಮಿ.
ಹುಡುಗಾಟ, ಎಂದರು ಊರ ಹತ್ತು ಸಮಸ್ತರು.
ಪಂಚಾಯತು ಮೆಂಬರು ಬುದ್ಧಿ ಹೇಳಿದರು.
ಅಪ್ಪ ಕಪಾಳಕ್ಕೊಂದು ಕೊಟ್ಟರು,
ಎಲ್ಲರಿಗೂ ಕೇಳಿಸುವಷ್ಟು, ಅವನಿಗೆ ನೋಯದಷ್ಟು.
ಮುಗಿಯಿತು.

ಅಂಗಾರನಿಗೆ ಇದ್ದದ್ದು ನನ್ನ ಕೈಬರಹ.

ಅವನಮ್ಮ ಐತೆ ಅವನನ್ನು ಸೊಂಟದಲ್ಲಿ ತಂದ ಆ ಬೆಳಗು
ಕಂಜಿಯ ಹಂಡೆ ಕುದಿಯುತ್ತಿತ್ತು,
ಹೆಸರುಕಾಳಿನ ವಾಸನೆ ಮಾರ್ಗದವರೆಗೆ.
ಎಷ್ಟು ವರ್ಷ? ಅಂದೆ.
"ಆಟಿಯಲ್ಲಿ ಹುಟ್ಟಿದ್ದು, ಕಡಲು ಮಾರ್ಗ ತಿಂದ ವರ್ಷ."
ಕಡಲು ಮಾರ್ಗ ತಿನ್ನದ ವರ್ಷ ಯಾವುದು, ಐತೆ?
ಹುಡುಗ ಹಂಡೆಯನ್ನೇ ನೋಡುತ್ತಿದ್ದ.
ಬಲಗೈ ತಲೆಯ ಮೇಲಿಂದ ತಂದು ಎಡಗಿವಿ ಮುಟ್ಟು, ಅಂದೆ.
ಮುಟ್ಟಲಿಲ್ಲ. ಒಂದು ಬೆರಳಿನಷ್ಟು ಕಮ್ಮಿ.
ತಲೆ ಸ್ವಲ್ಪ ಬಗ್ಗಿಸು ಮಗಾ, ಅಂದೆ.
ನಾನೇ ಬಗ್ಗಿಸಿದೆ.
ಮುಟ್ಟಿತು.
ಬರೆದೆ: ಜೂನ್ ಒಂದು.
ಆ ವರ್ಷ ನನ್ನ ಒಂದನೇ ತರಗತಿಯಲ್ಲಿ
ಹದಿನಾಲ್ಕು ಮಕ್ಕಳು ಒಂದೇ ದಿನ ಹುಟ್ಟಿದರು.

ಮೂರನೆಯದರಲ್ಲಿ ಬೆಲ್ಲು ಹೊಡೆಯುವವನು ಅವನೇ.
ರೈಲು ಹಳಿಯ ತುಂಡು, ಕಬ್ಬಿಣದ ಸರಳು.
ಗಂಟೆ ನೋಡಲು ಕಲಿಯುವ ಮೊದಲೇ ಗಂಟೆ ಹೊಡೆಯಲು ಕಲಿತ.
ನಾಲ್ಕರಲ್ಲಿ ಫೇಲಾದ. ದಡ್ಡ, ಅಂದೆ.
ದಡ್ಡನಲ್ಲ. ಸಣ್ಣವ.

ಸರಕಾರಿ ವಕೀಲರು ಮಲಯಾಳದಲ್ಲಿ ಕೇಳಿದರು,
ದುಭಾಷಿ ಕನ್ನಡದಲ್ಲಿ ಕೇಳಿದ,
ಅಂಗಾರ ತುಳುವಿನಲ್ಲಿ ಕಣ್ಣು ಕಣ್ಣು ಬಿಟ್ಟ.
ಇವನ ಕೈ ಮೊದಲಿಂದಲೂ ಉದ್ದ, ಎಂದರು ವಕೀಲರು.
ಇಲ್ಲ. ಅಳೆದವನು ನಾನು.
"ಇದು ನಿಮ್ಮ ಅಕ್ಷರವೇ?"
ನನ್ನದೇ. ಊರಿನ ಮದುವೆ ಕಾಗದಗಳ ವಿಳಾಸ,
ಭಜನಾ ಮಂದಿರದ ಬೋರ್ಡು, ಸತ್ತವರ ತಿಥಿ,
ಎಲ್ಲದಕ್ಕೂ ಈ ಮುತ್ತಿನಂಥ ಅಕ್ಷರವೇ ಬೇಕು.
"ದಿನಾಂಕ ಸರಿಯೇ?"

ಅವನ ಹೆಸರನ್ನು ಕೇಳಿ ಸ್ವಾಮೀ, ಎನ್ನಬಹುದಿತ್ತು.
ಅಂಗಾರ ಎಂದರೆ ಮಂಗಳವಾರ,
ತೊಟ್ಟಿಲಲ್ಲೇ ಅಜ್ಜಿ ಗುರುತು ಹಾಕಿಟ್ಟ ವಾರ.
ನಿನ್ನೆ ರಾತ್ರಿ ಹಳೇ ಪಂಚಾಂಗ ಹುಡುಕಿ ನೋಡಿದ್ದೆ,
ನಾನು ಬರೆದ ಆ ಜೂನ್ ಒಂದು ಶನಿವಾರ.
ಎನ್ನಬಹುದಿತ್ತು. ಎಂದಿದ್ದರೆ
ಉಳಿದ ಹದಿಮೂರು ಮಂದಿಯೂ ಎದ್ದು ನಿಲ್ಲುತ್ತಿದ್ದರು,
ಒಬ್ಬ ಪೋಸ್ಟ್‌ಮ್ಯಾನ್, ಒಬ್ಬಳು ನರ್ಸು.
ಪಿಂಚಣಿಗೆ ಇನ್ನು ಏಳು ತಿಂಗಳು.
(ಇದನ್ನು ಕೊನೆಯಲ್ಲಿ ಹೇಳಿದೆ. ಮೊದಲು ನೆನಪಾದದ್ದು ಇದೇ.)

ಸರಿ, ಅಂದೆ.
ಆ ಒಂದು ಶಬ್ದಕ್ಕೆ ದುಭಾಷಿ ಬೇಕಾಗಲಿಲ್ಲ.
ಮಲಯಾಳದಲ್ಲೂ ಅದು ಶರಿಯೇ.

ಗೇಟಿನ ಹತ್ತಿರ ಐತೆ, ಪೇಪರಿನಲ್ಲಿ ಕಟ್ಟಿದ ಅವಲಕ್ಕಿ.
ನನ್ನನ್ನು ನೋಡಿ ಸೆರಗು ಸರಿಮಾಡಿಕೊಂಡಳು,
ಮಾಸ್ಟ್ರು ಬಂದರಲ್ಲ ಎಂಬ ಧೈರ್ಯದಲ್ಲಿ.
ಜೀಪಿಗೆ ಹತ್ತುವ ಮೊದಲು ಅಂಗಾರ ತಿರುಗಿದ,
ರಿಸಲ್ಟು ಕೇಳುವವನ ಹಾಗೆ:
"ಸಾರ್, ನನಗೆ ಹದಿನೆಂಟಾಯ್ತಾ?"

ಜೂನಿಗೇ ಆಯ್ತು, ಅಂದೆ.